ಉರಿಯಲೆಂದೇ ಕಟ್ಟಿದ ಕೋಟೆ

ಅಕಿರಾ ಕುರೊಸಾವಾ ಸಿನಿಮಾಗಳ ಮಂಜು, ಬಿರುಗಾಳಿ, ಕೋಟೆ, ಬೀದಿಗಳು ಜಗತ್ತಿಗೆಲ್ಲ ಪರಿಚಿತ. ಅವುಗಳಿಗೆ ಗೆರೆ ಎಳೆದು ನೆಲದ ಮೇಲೆ ನಿಲ್ಲಿಸಿದ ಕಲಾ ನಿರ್ದೇಶಕ ಯೊಶಿರೊ ಮುರಾಕಿ ಅವರ ಹೆಸರು ಮಾತ್ರ ಟೈಟಲ್ ಕಾರ್ಡಿನಾಚೆಗೆ ಹೆಚ್ಚು ಹೋಗಲಿಲ್ಲ.

ಫುಜಿ ಪರ್ವತದ ಇಳಿಜಾರಿನಲ್ಲಿ ಒಂದು ಕೋಟೆ ಹೊತ್ತಿ ಉರಿಯುತ್ತಿದೆ. ಒಳಗಿನಿಂದ ಬಿಳಿಗಡ್ಡದ ಮುದುಕನೊಬ್ಬ ಹೊರಬರುತ್ತಾನೆ. ಕಣ್ಣು ಎಲ್ಲೋ ನೆಟ್ಟಿದೆ, ಬುದ್ಧಿ ನೆಟ್ಟಗಿಲ್ಲ. ಹಿಂದೆ ಜ್ವಾಲೆ, ಸುತ್ತ ಹೊಗೆ, ಮುಂದೆ ಇಳಿಯಬೇಕಾದ ಕಲ್ಲಿನ ಮೆಟ್ಟಿಲು. ಕೆಳಗೆ ಅವನ ಮಕ್ಕಳದೇ ಎರಡು ಸೈನ್ಯಗಳು: ಒಂದರ ಬಾವುಟ ಹಳದಿ, ಇನ್ನೊಂದರದು ಕೆಂಪು. ಮುದುಕ ಇಳಿದು ಬರುತ್ತಿದ್ದಂತೆ ಸೈನಿಕರು ಎರಡು ಭಾಗವಾಗಿ ದಾರಿ ಬಿಡುತ್ತಾರೆ.

1985ರ ‘ರಾನ್’ ಚಿತ್ರದ ಈ ದೃಶ್ಯವನ್ನು ನೋಡಿದವರು ಮರೆಯುವುದು ಕಷ್ಟ. ಹಿದೆತೊರಾ ಪಾತ್ರದ ತತ್ಸುಯಾ ನಕದಾಯ್ ಅವರಿಗೆ ಇದ್ದದ್ದು ಒಂದೇ ಅವಕಾಶ. ಬೆಂಕಿ ಬಿದ್ದ ಕೋಟೆಗೆ ಎರಡನೇ ಟೇಕ್ ಎಂಬುದಿಲ್ಲ. ಅವರು ಮೆಟ್ಟಿಲ ಮೇಲೆ ಎಡವಿದ್ದರೆ ಕೋಟೆಯೂ ಹೋಗುತ್ತಿತ್ತು, ದೃಶ್ಯವೂ ಹೋಗುತ್ತಿತ್ತು. ಕಣ್ಣನ್ನು ಎಲ್ಲೋ ನೆಟ್ಟುಕೊಂಡು, ಕಾಲಕೆಳಗೆ ನೋಡದೆ ಇಳಿಯಬೇಕಾದ ನಟನಿಗೆ ಮೆಟ್ಟಿಲಿನ ಎತ್ತರ, ಅಗಲ, ಇಳಿಜಾರುಗಳೇ ಆಸರೆ. ಅವನ್ನು ತೀರ್ಮಾನಿಸುವುದು ಕಲಾ ನಿರ್ದೇಶಕರ ಕೆಲಸ. ಆಗ ಮುರಾಕಿ ಅವರಿಗೆ 60 ವರ್ಷ.

ಕುರೊಸಾವಾ ನಿರ್ದೇಶಿಸಿದ್ದು 30 ಚಿತ್ರ. ಅದರಲ್ಲಿ ಸರಿಯಾಗಿ ಅರ್ಧದಷ್ಟಕ್ಕೆ, ಅಂದರೆ 15ಕ್ಕೆ, ಮುರಾಕಿ ಕಲಾ ನಿರ್ದೇಶಕರು. 1955ರ ‘ಐ ಲಿವ್ ಇನ್ ಫಿಯರ್’ನಿಂದ ಹಿಡಿದು 1993ರ ‘ಮಾದಾದಯೊ’ವರೆಗೆ, ಸೋವಿಯತ್ ಒಕ್ಕೂಟದಲ್ಲಿ ತಯಾರಾದ ‘ದೆರ್ಸು ಉಜಾಲಾ’ ಒಂದನ್ನು ಬಿಟ್ಟು, ಎಲ್ಲವೂ ಅವರ ಕೈಯಲ್ಲೇ ಹಾದುಹೋದವು. ‘ಕುರೊಸಾವಾ ಶೈಲಿ’ ಎಂದು ವಿಮರ್ಶಕರು ಕರೆಯುವುದರಲ್ಲಿ ಎಷ್ಟು ಪಾಲು ಕ್ಯಾಮೆರಾ ಬರುವ ಮೊದಲೇ, ಮುರಾಕಿ ಅವರ ನಕ್ಷೆಯ ಹಲಗೆಯ ಮೇಲೆ ತೀರ್ಮಾನವಾಗಿರುತ್ತಿತ್ತು ಎಂಬುದನ್ನು ಆ ಚಿತ್ರಗಳನ್ನೇ ನೋಡಿ ತಿಳಿಯಬಹುದು.

ಹೊಂಡದ ಪಕ್ಕದ ಪಾಠಶಾಲೆ

ಮುರಾಕಿ ಹುಟ್ಟಿದ್ದು 1924ರಲ್ಲಿ, ಟೋಕಿಯೊದಲ್ಲಿ. ಓದಿದ್ದು ಕಟ್ಟಡ ವಿನ್ಯಾಸ. ಯುದ್ಧಕಾಲದಲ್ಲೇ ತೊಹೊ ಸ್ಟುಡಿಯೊದ ಕಲಾ ವಿಭಾಗ ಸೇರಿದರು. ಆಗಿನ ಜಪಾನಿ ಸ್ಟುಡಿಯೊ ಅಂದರೆ ಒಂದು ಕಾರ್ಖಾನೆಯೇ. ನಿರ್ದೇಶಕರಿಂದ ಬಡಗಿಗಳವರೆಗೆ ಎಲ್ಲರೂ ಸಂಬಳದ ನೌಕರರು. ಸಹಾಯಕನಾಗಿ ಸೇರಿದವನು ಹಿರಿಯರ ಕೈಕೆಳಗೆ ವರ್ಷಗಟ್ಟಲೆ ನಕ್ಷೆ ತಿದ್ದಿ, ಮರ ಎಣಿಸಿ, ಮೇಸ್ತ್ರಿಗಳ ಬೈಗುಳ ತಿಂದು ಮೇಲೆ ಬರಬೇಕಿತ್ತು.

ಮುರಾಕಿಗೆ ಸಿಕ್ಕ ಹಿರಿಯರು ತಾಕಾಶಿ ಮತ್ಸುಯಾಮಾ. 1948ರ ‘ಡ್ರಂಕನ್ ಏಂಜೆಲ್’ನಲ್ಲಿ ಮುರಾಕಿ ಈ ಮತ್ಸುಯಾಮಾ ಅವರಿಗೆ ಸಹಾಯಕರು. ಆ ಚಿತ್ರ ಹುಟ್ಟಿದ್ದೇ ಒಂದು ಸೆಟ್‌ನಿಂದ. ನಿರ್ದೇಶಕ ಕಜಿರೊ ಯಮಾಮೊತೊ ತಮ್ಮ ಹಿಂದಿನ ವರ್ಷದ ಚಿತ್ರಕ್ಕಾಗಿ ಯುದ್ಧಾನಂತರದ ಕಾಳಸಂತೆಯ ಬೀದಿಯೊಂದನ್ನು ಕಟ್ಟಿಸಿದ್ದರು. ಅಷ್ಟು ದೊಡ್ಡ ಸೆಟ್ಟನ್ನು ಒಂದೇ ಚಿತ್ರಕ್ಕೆ ಬಳಸಿ ಕೆಡವಲು ತೊಹೊಗೆ ಮನಸ್ಸಿರಲಿಲ್ಲ. ಇದರಲ್ಲೇ ಏನಾದರೂ ಮಾಡಿ ಎಂದು ಕುರೊಸಾವಾ ಅವರನ್ನು ಕೇಳಿತು. ಆ ಬೀದಿಯ ನಡುವೆ ಬಂದು ಕೂತದ್ದು ಒಂದು ಕೊಳಚೆ ಹೊಂಡ. ಗುಳ್ಳೆ ಏಳುವ, ಕಸ ತೇಲುವ ಆ ನೀರಿನ ದಂಡೆಯಲ್ಲೇ ಕುಡುಕ ವೈದ್ಯನ ದವಾಖಾನೆ. ಅದೇ ದಂಡೆಯಲ್ಲಿ ಕ್ಷಯ ಹಿಡಿದ ರೌಡಿಯ ಅಲೆದಾಟ. ರೌಡಿಯ ಪಾತ್ರದಲ್ಲಿ ತೊಶಿರೊ ಮಿಫುನೆ ಮೊದಲ ಬಾರಿಗೆ ಕುರೊಸಾವಾ ಚಿತ್ರದಲ್ಲಿ ಕಾಣಿಸಿಕೊಂಡರು. ಸೋತ ಟೋಕಿಯೊದ ರೋಗ ಏನೆಂದು ಯಾರೂ ಭಾಷಣ ಮಾಡಬೇಕಾಗಲಿಲ್ಲ, ಹೊಂಡವೇ ಎಲ್ಲವನ್ನೂ ಹೇಳಿತು.

ಮತ್ಸುಯಾಮಾ ಅವರ ಇನ್ನೊಂದು ಕೆಲಸ ಜಗತ್ತೇ ನೋಡಿದ್ದು: ‘ರಾಶೋಮಾನ್’ನ ಪಾಳುಬಿದ್ದ ಹೆಬ್ಬಾಗಿಲು. ಅದು ಅರ್ಧ ಕುಸಿದಿದ್ದಕ್ಕೆ ಕಥೆಯಷ್ಟೇ ಕಾರಣವಲ್ಲ. ಬಾಗಿಲು ಎಷ್ಟು ದೊಡ್ಡದಾಯಿತೆಂದರೆ ಪೂರ್ತಿ ಮಾಡು ಹೊದಿಸಿದ್ದರೆ ಕಂಬಗಳು ತಾಳುತ್ತಿರಲಿಲ್ಲ. ಪಾಳುಬಿದ್ದಿದೆ ಎಂಬ ನೆಪ ಮಾಡಿ ಅರ್ಧ ಮಾಡು ಮಾತ್ರ ಕಟ್ಟಿದೆವು ಎಂದು ಕುರೊಸಾವಾ ತಮ್ಮ ಆತ್ಮಕಥೆಯಲ್ಲಿ ಒಪ್ಪಿಕೊಂಡಿದ್ದಾರೆ. ತೊಡಕು ಎದುರಾದಾಗ ಅದನ್ನೇ ಚಿತ್ರದ ಮುಖ ಮಾಡಿಕೊಳ್ಳುವ ಜಾಣ್ಮೆ ಇದು. ಮುಂದೆ ಮುರಾಕಿ ಬಂಡವಾಳ ಮಾಡಿಕೊಂಡದ್ದೂ ಇದನ್ನೇ.

ತಗ್ಗು ಛಾವಣಿಯ ಭಯ

‘ಥ್ರೋನ್ ಆಫ್ ಬ್ಲಡ್’ (1957) ಶೇಕ್ಸ್‌ಪಿಯರನ ‘ಮ್ಯಾಕ್‌ಬೆತ್’ ನಾಟಕವನ್ನು ಜಪಾನಿನ ಅಂತಃಕಲಹದ ಕಾಲಕ್ಕೆ ತಂದ ಚಿತ್ರ. ಮುರಾಕಿ ಮತ್ತು ತಂಡ ಹಳೆಯ ಕೋಟೆಗಳ ನಕ್ಷೆಗಳನ್ನು ಹುಡುಕಿ ಅಭ್ಯಾಸ ಮಾಡಿತು. ಕೊನೆಗೆ ಕಟ್ಟಿದ್ದು ಮಾತ್ರ ಯಾವ ಒಂದು ಶತಮಾನಕ್ಕೂ ಸೇರದ ಕೋಟೆಯನ್ನು. ಚಿತ್ರದ ತುಂಬ ಮಂಜು ಇರಬೇಕು, ಜಪಾನಿ ಮಸಿ ಚಿತ್ರದ ಹಾಗೆ ಕಪ್ಪು ಬಿಳುಪು ಒಂದರೊಳಗೊಂದು ಕರಗಬೇಕು ಎಂದು ಮೊದಲೇ ತೀರ್ಮಾನವಾಗಿತ್ತು. ಅದಕ್ಕೆ ಹೊಂದುವುದು ಕರಿ ಗೋಡೆ. ಕರಿ ಗೋಡೆಗೆ ಹೊಂದುವುದು ಕರಿ ಮಣ್ಣು. ಕರಿ ಮಣ್ಣೂ ಮಂಜೂ ಒಟ್ಟಿಗೆ ಸಿಗುವ ಜಾಗ ಫುಜಿಯ ಎತ್ತರದ ಇಳಿಜಾರು. ಒಂದು ತೀರ್ಮಾನ ಇನ್ನೊಂದನ್ನು ಎಳೆದು ತಂದಿತು.

ಅಲ್ಲಿ ಕೆಲಸ ಸುಲಭವಿರಲಿಲ್ಲ. ಕಡಿದಾದ ನೆಲ ಸಮ ಮಾಡಬೇಕು, ಮರ ಸಾಗಿಸಬೇಕು, ಮಂಜಿನಲ್ಲಿ ಎದುರಿಗಿದ್ದವರು ಕಾಣುವುದಿಲ್ಲ. ಹತ್ತಿರದ ಅಮೆರಿಕನ್ ನೆಲೆಯ ಸೈನಿಕರು ಕೈಜೋಡಿಸಿದರು. ಎಲ್ಲರೂ ಕಾಯಿಲೆ ಬೀಳುವಷ್ಟು ದಣಿದೆವು ಎಂದು ಕುರೊಸಾವಾ ಆಮೇಲೆ ನೆನೆದರು. ಕೋಟೆಯ ಒಳಾಂಗಳವನ್ನು ಮಾತ್ರ ಟೋಕಿಯೊದಲ್ಲಿ ಕಟ್ಟಲಾಯಿತು. ಬೆಟ್ಟದ ಮೇಲೆ ತೆಗೆದ ದೃಶ್ಯಕ್ಕೂ ಸ್ಟುಡಿಯೊದ ದೃಶ್ಯಕ್ಕೂ ನೆಲ ಬೇರೆ ಬೇರೆ ಕಂಡರೆ ಕೆಟ್ಟಿತು! ಅದಕ್ಕಾಗಿ ಫುಜಿಯ ಮಣ್ಣನ್ನೇ ಅಲ್ಲಿಗೆ ಸಾಗಿಸಿ ಸುರಿದರು. ಪ್ರೇಕ್ಷಕ ಇದನ್ನು ಗಮನಿಸುವುದಿಲ್ಲ. ಹಾಗೆ ಗಮನಿಸದಿರಲಿ ಎಂದೇ ಅಷ್ಟು ಮಣ್ಣು ಸುರಿದದ್ದು.

ಆ ಕೋಟೆಯ ಕೋಣೆಗಳನ್ನು ಸ್ವಲ್ಪ ನಿಂತು ನೋಡಬೇಕು. ಅಗಲ ಹೆಚ್ಚು, ಎತ್ತರ ಕಡಿಮೆ. ಕಂಬಗಳು ಗಿಡ್ಡ ಮತ್ತು ದಪ್ಪ. ಸಾಮಾನು ಹೆಚ್ಚುಕಮ್ಮಿ ಇಲ್ಲವೇ ಇಲ್ಲ. ಜಪಾನಿನ ಸಾಂಪ್ರದಾಯಿಕ ನೋ ರಂಗಭೂಮಿಯ ವೇದಿಕೆಯಂತೆ ಬೋಳು ಹಲಗೆ ನೆಲ. ಮಿಫುನೆಯ ಸೇನಾಪತಿ ಪ್ರಭುವನ್ನು ಕೊಂದು ಅಧಿಕಾರ ಹಿಡಿದ ಮೇಲೂ ಅವನ ತಲೆಯ ಮೇಲಿನ ಛಾವಣಿ ಮಾತ್ರ ಎತ್ತರವಾಗುವುದಿಲ್ಲ. ನಾಯಕನ ಮೇಲೆ ಒಂದು ಒತ್ತಡ ಸದಾ ಕೂತಿರಬೇಕು ಎಂಬುದೇ ಆ ತಗ್ಗು ಛಾವಣಿಯ ಲೆಕ್ಕ ಎಂದು ಮುರಾಕಿ ವಿವರಿಸಿದ್ದಾರೆ. ಗೋಡೆ ಮಾಡುವ ಕೆಲಸವನ್ನು ನಟ ತನ್ನ ಮುಖದಲ್ಲಿ ಮತ್ತೊಮ್ಮೆ ಮಾಡಬೇಕಿಲ್ಲ.

ಬೀದಿಯ ಅಗಲ, ತೊರೆಯ ಹರಿವು

ಕಲಾ ನಿರ್ದೇಶನವೆಂದರೆ ಹಿನ್ನೆಲೆ ಅಲಂಕಾರ ಎಂದುಕೊಂಡವರು ‘ಯೊಜಿಂಬೊ’ (1961) ನೋಡಬೇಕು. ಒಂದು ಹಾಳು ಊರು, ಒಂದೇ ಬೀದಿ. ಒಂದು ತುದಿಯಲ್ಲಿ ರೇಷ್ಮೆ ವ್ಯಾಪಾರಿಯ ಬೆಂಬಲದ ಗುಂಪು, ಇನ್ನೊಂದರಲ್ಲಿ ಮದ್ಯ ತಯಾರಿಸುವವನ ಬೆಂಬಲದ ಗುಂಪು. ನಡುವೆ ಒಂದು ಹೋಟೆಲು. ಅದರ ಹಲಗೆ ಕಿಟಕಿಗಳನ್ನು ಒಂದೊಂದಾಗಿ ತೆರೆದು ಹೋಟೆಲಿನ ಮುದುಕ ಊರಿನ ರಾಜಕೀಯವನ್ನೆಲ್ಲ ಹೊಸದಾಗಿ ಬಂದ ಸಮುರಾಯ್‌ಗೆ ತೋರಿಸುತ್ತಾನೆ. ಕೂತಲ್ಲಿಂದಲೇ ಎರಡೂ ಪಕ್ಷ ಕಾಣುತ್ತವೆ. ಬೀದಿಯಲ್ಲೊಂದು ಬೆಂಕಿ ಕಾವಲಿನ ಅಟ್ಟಣೆ. ಎರಡೂ ಗುಂಪುಗಳನ್ನು ಎತ್ತಿಕಟ್ಟಿ ಆ ಸಮುರಾಯ್ ಅಟ್ಟಣೆ ಏರಿ ಕೂತು ತಮಾಷೆ ನೋಡುತ್ತಾನೆ. ಕಿಟಕಿ ಬೇರೆ ಕಡೆ ಇದ್ದಿದ್ದರೆ, ಅಟ್ಟಣೆ ಇಲ್ಲದಿದ್ದರೆ ಕಥೆ ಹೀಗೆ ನಡೆಯುತ್ತಲೇ ಇರಲಿಲ್ಲ.

ಬೀದಿಯ ಅಗಲವೂ ಲೆಕ್ಕದ್ದೇ. ಇದು ಅಗಲ ಪರದೆಯ ತೊಹೊಸ್ಕೋಪ್ ಚಿತ್ರ. ಎದುರುಬದುರು ನಿಂತ ಗುಂಪುಗಳ ನಡುವಿನ ಖಾಲಿ ಜಾಗ ಪರದೆಯ ತುಂಬ ಹರಡಬೇಕು, ಅಲ್ಲಿ ಧೂಳೆಬ್ಬಿಸುವ ಗಾಳಿ ಬೀಸಬೇಕು. ಮೂರು ವರ್ಷದ ನಂತರ ಇಟಲಿಯ ಸೆರ್ಜಿಯೊ ಲಿಯೋನೆ ಅನುಮತಿ ಕೇಳದೆ ಇದೇ ಕಥೆಯನ್ನು ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ ಮಾಡಿದಾಗ ಕಥೆಯ ಜೊತೆಗೆ ಆ ಬೀದಿಯೂ ಹೋಯಿತು. ‘ಯೊಜಿಂಬೊ’ದ ಉಡುಪು ವಿನ್ಯಾಸವೂ ಮುರಾಕಿ ಅವರದೇ. ಮೊದಲ ಆಸ್ಕರ್ ನಾಮನಿರ್ದೇಶನ ಬಂದದ್ದು ಅದಕ್ಕೆ.

ಮರುವರ್ಷದ ‘ಸಾಂಜುರೊ’ದಲ್ಲಿ ಅಕ್ಕಪಕ್ಕದ ಎರಡು ಮನೆ, ನಡುವೆ ಗೋಡೆ, ಗೋಡೆಯ ಕೆಳಗೆ ಹರಿಯುವ ಸಣ್ಣ ತೊರೆ. ಆ ಮನೆಯಿಂದ ಈ ಮನೆಗೆ ಸಂಕೇತ ಬರುವುದು ತೊರೆಯಲ್ಲಿ ತೇಲಿಬಿಟ್ಟ ಕಮೇಲಿಯಾ ಹೂಗಳ ಮೂಲಕ. ಚಿತ್ರಕಥೆ ತಿರುವು ಪಡೆಯುವುದು ನೀರಿನ ಹರಿವಿನ ಮೇಲೆ. ‘ಹೈ ಅಂಡ್ ಲೋ’ (1963) ಇನ್ನೂ ನೇರ. ಯೊಕೊಹಾಮಾದ ಗುಡ್ಡದ ತುದಿಯಲ್ಲಿ ಶೂ ಕಂಪನಿಯ ಅಧಿಕಾರಿಯ ಮನೆ, ಗೋಡೆಯಷ್ಟಗಲದ ಗಾಜು, ತಣ್ಣನೆಯ ಹವಾ. ಕೆಳಗೆ ಬೇಗೆಯ ಕೇರಿಯಲ್ಲಿ ಪುಟ್ಟ ಕೋಣೆಯ ಯುವಕ. ಆ ಗಾಜು ಮೇಲಿನವನಿಗೆ ಊರನ್ನು ತೋರಿಸುತ್ತದೆ, ಕೆಳಗಿನವನಿಗೆ ಮೇಲಿನವನನ್ನು ತೋರಿಸುತ್ತದೆ. ಅಪಹರಣದ ಕರೆ ಬಂದಾಗ ಪೊಲೀಸರು ನೆಲದ ಮೇಲೆ ತೆವಳಿಕೊಂಡು ಓಡಾಡಬೇಕಾಗುವುದು, ಪರದೆ ಎಳೆಯುವುದು, ತೆರೆಯುವುದು ಎಲ್ಲವೂ ಆ ಒಂದು ಕಿಟಕಿಯ ಕಾರಣದಿಂದ. ಚಿತ್ರದ ಮೊದಲಾರ್ಧ ಬಹುತೇಕ ಅದೇ ಹಜಾರದಲ್ಲಿ ನಡೆದರೂ ಬೇಸರ ಬರುವುದಿಲ್ಲ.

ಇಲ್ಲೊಂದು ತಾಂತ್ರಿಕ ಸಂಗತಿ ಹೇಳಬೇಕು. ಕುರೊಸಾವಾ ‘ಸೆವೆನ್ ಸಮುರಾಯ್’ ಕಾಲದಿಂದ ಒಂದೇ ದೃಶ್ಯವನ್ನು ಹಲವು ಕ್ಯಾಮೆರಾಗಳಲ್ಲಿ ಏಕಕಾಲಕ್ಕೆ ತೆಗೆಯುತ್ತಿದ್ದರು. ಯಾವ ಕ್ಯಾಮೆರಾ ತನ್ನ ಮೇಲಿದೆ ಎಂಬ ಚಿಂತೆ ಬಿಟ್ಟು ನಟ ಅಭಿನಯಿಸಲಿ ಎಂಬುದು ಉದ್ದೇಶ. ಕಲಾ ನಿರ್ದೇಶಕರಿಗೆ ಮಾತ್ರ ಇದರಿಂದ ಕೆಲಸ ದುಪ್ಪಟ್ಟು. ಒಂದೇ ಕ್ಯಾಮೆರಾ ಇದ್ದರೆ ಕಾಣುವ ಎರಡು ಗೋಡೆ ಮುಗಿಸಿ ಉಳಿದದ್ದನ್ನು ಹಾಗೇ ಬಿಡಬಹುದು. ಮೂರು ಕಡೆಯಿಂದ ನೋಡುವಾಗ ನಾಲ್ಕೂ ಗೋಡೆ ಬೇಕು, ಬೆಳಕಿಗೂ ಕ್ಯಾಮೆರಾಗೂ ಗುಟ್ಟಿನ ಜಾಗವೂ ಬೇಕು. ಮುರಾಕಿ ಅವರ ಸೆಟ್‌ಗಳು ನಿಜವಾದ ಕಟ್ಟಡಗಳಂತೆ ಇರುತ್ತಿದ್ದವು ಎನ್ನುವುದಕ್ಕೆ ಕಟ್ಟಡ ವಿನ್ಯಾಸ ಓದಿದ್ದು ಒಂದು ಕಾರಣ, ಕ್ಯಾಮೆರಾಗಳ ಈ ಕಾಟ ಇನ್ನೊಂದು.

ಕಾಣದ ಸತ್ಯ

ನಿಜದಂತೆಯೇ ಕಟ್ಟಬೇಕೆಂಬ ಹಟ ತುತ್ತತುದಿ ಮುಟ್ಟಿದ್ದು ‘ರೆಡ್ ಬಿಯರ್ಡ್’ನಲ್ಲಿ (1965). ಈಗ ಟೋಕಿಯೊ ಆಗಿರುವ ಎದೋ ನಗರದ ಬಡವರ ಆಸ್ಪತ್ರೆಯೊಂದರ ಕಥೆ. ಮುರಾಕಿ ಆಸ್ಪತ್ರೆಯನ್ನಷ್ಟೇ ಕಟ್ಟಲಿಲ್ಲ, ಸುತ್ತಲ ಬೀದಿಗಳನ್ನೂ ಕಟ್ಟಿದರು. ಮರ ಹಳೆಯ ರೈತರ ಮನೆಗಳಿಂದ ತಂದದ್ದು, ಹೆಂಚು ನೂರು ವರ್ಷ ದಾಟಿದ ಕಟ್ಟಡಗಳದು. ಹೊಸ ಮರಕ್ಕೆ ಹಳೆಯ ಬಣ್ಣ ಬಳಿದರೆ ಸಾಲದು ಎಂಬ ಪಟ್ಟು. ಹಾಸಿಗೆಗಳನ್ನು ಹಳೆಯ ಕಾಲದ ವಿನ್ಯಾಸದಲ್ಲಿ ಹೊಲಿಸಿ, ಚಿತ್ರೀಕರಣಕ್ಕೆ ಮೊದಲು ತಿಂಗಳುಗಟ್ಟಲೆ ಅವುಗಳ ಮೇಲೆ ಜನರನ್ನು ಮಲಗಿಸಿದರು ಎನ್ನುತ್ತಾರೆ. ಸೆಟ್ ನೋಡಲು ಬಸ್ಸುಗಳಲ್ಲಿ ಪ್ರವಾಸಿಗರು ಬರುತ್ತಿದ್ದರು. ಇಷ್ಟೆಲ್ಲ ಮಾಡಿ, ದೊಡ್ಡ ಬೀದಿಯೊಂದು ಪರದೆಯ ಮೇಲೆ ಕಂಡದ್ದು ಸುಮಾರು ಒಂದೇ ನಿಮಿಷ.

ಇದು ದುಂದೇ? ಲೆಕ್ಕಪತ್ರ ನೋಡುವವರಿಗೆ ಹೌದು. ಆದರೆ ಆ ಚಿತ್ರದಲ್ಲಿ ಸಾಯುತ್ತಿರುವ ಮಗುವಿನ ಜೀವ ಉಳಿಯಲಿ ಎಂದು ಆಸ್ಪತ್ರೆಯ ಹೆಂಗಸರು ಬಾವಿಯೊಳಗೆ ಬಗ್ಗಿ ಅವನ ಹೆಸರು ಕೂಗುವ ದೃಶ್ಯವೊಂದಿದೆ. ಕ್ಯಾಮೆರಾ ಬಾವಿಯ ಗೋಡೆಗುಂಟ ಕೆಳಗಿಳಿದು ನೀರನ್ನು ಮುಟ್ಟುತ್ತದೆ. ಆ ಕಲ್ಲು, ಆ ಆಳ, ಆ ನೀರು ಸುಳ್ಳೆನಿಸಿದ್ದರೆ ಆ ಕೂಗು ಬರೀ ಗೋಳಾಟವಾಗುತ್ತಿತ್ತು. ಸತ್ಯವನ್ನು ಎಲ್ಲಿ ಬೇಕೋ ಅಲ್ಲಿಗೆ ಮಾತ್ರ ಅಳೆದು ಸುರಿಯಲು ಬರುವುದಿಲ್ಲ ಎಂಬುದು ಕುರೊಸಾವಾ ಮತ್ತು ಮುರಾಕಿ ಇಬ್ಬರ ನಂಬಿಕೆಯಾಗಿತ್ತು. ‘ಥ್ರೋನ್ ಆಫ್ ಬ್ಲಡ್’ನ ಎಲ್ಲೂ ಇರದ ಕೋಟೆಗೂ ‘ರೆಡ್ ಬಿಯರ್ಡ್’ನ ಅಪ್ಪಟ ಹಳೆಯ ಮರಕ್ಕೂ ಇಲ್ಲಿ ವಿರೋಧವಿಲ್ಲ. ಎರಡರಲ್ಲೂ ಕೇಳಿದ ಪ್ರಶ್ನೆ ಒಂದೇ: ಈ ಜಾಗದಲ್ಲಿ ನಿಂತ ಮನುಷ್ಯನಿಗೆ ಏನಾಗಬೇಕು?

ಕಸದ ರಾಶಿಯಲ್ಲಿ ಕನಸಿನ ಮನೆ

ಅಂಥ ಕೆಲಸಕ್ಕೆ ಹಣ ಸುರಿಯುತ್ತಿದ್ದ ಸ್ಟುಡಿಯೊ ವ್ಯವಸ್ಥೆ ಅಷ್ಟರಲ್ಲಿ ಕುಸಿಯತೊಡಗಿತ್ತು. 1958ರಲ್ಲಿ ಜಪಾನಿನಲ್ಲಿ ಮಾರಾಟವಾದ ಸಿನಿಮಾ ಟಿಕೆಟ್ ಸುಮಾರು 112 ಕೋಟಿ. ಟಿವಿ ಮನೆಮನೆಗೆ ಬಂದ ಮೇಲೆ, 1970ರ ಹೊತ್ತಿಗೆ ಅದು 25 ಕೋಟಿಯ ಆಸುಪಾಸಿಗೆ ಇಳಿಯಿತು. ದೊಡ್ಡ ಸೆಟ್‌ಗಳಿಗೆ ಕತ್ತರಿ ಬಿತ್ತು.

ಪರ್ಲ್ ಹಾರ್ಬರ್ ದಾಳಿಯ ಕುರಿತ ಅಮೆರಿಕನ್ ಚಿತ್ರ ‘ತೊರಾ! ತೊರಾ! ತೊರಾ!’ದ ಜಪಾನಿ ಭಾಗವನ್ನು ಕುರೊಸಾವಾ ನಿರ್ದೇಶಿಸಬೇಕಿತ್ತು. 1968ರ ಕೊನೆಗೆ ಅವರನ್ನು ಕೈಬಿಡಲಾಯಿತು. ಮುರಾಕಿ ಅವರ ಕೆಲಸ ಮಾತ್ರ ಚಿತ್ರದಲ್ಲಿ ಉಳಿಯಿತು. ಕ್ಯೂಶೂ ದ್ವೀಪದ ಆಶಿಯಾ ಕಡಲತೀರದಲ್ಲಿ ಯುದ್ಧನೌಕೆ ‘ನಾಗಾತೊ’ ಹೆಚ್ಚುಕಮ್ಮಿ ನಿಜ ಗಾತ್ರದಲ್ಲೇ ಎದ್ದು ನಿಂತಿತ್ತು. ಅಮೆರಿಕನ್ ಸಹೋದ್ಯೋಗಿಗಳೊಂದಿಗೆ ಎರಡನೇ ಆಸ್ಕರ್ ನಾಮನಿರ್ದೇಶನ ಇದಕ್ಕೆ.

1970ರಲ್ಲಿ, ಕೈಯಲ್ಲಿ ಹಣವಿಲ್ಲದ ಕುರೊಸಾವಾ ತಮ್ಮ ಮೊದಲ ಬಣ್ಣದ ಚಿತ್ರ ‘ದೊದೆಸ್ಕಾದೆನ್’ ತೆಗೆದರು. ಜಾಗ ಟೋಕಿಯೊದ ಒಂದು ಕಸದ ಬಯಲು. ಮುರಾಕಿ ಮತ್ತು ಅವರ ಪತ್ನಿ, ತೊಹೊದ ಕಲಾ ವಿಭಾಗದಲ್ಲೇ ಬೆಳೆದ ಶಿನೊಬು ಮುರಾಕಿ, ಇಬ್ಬರೂ ಸೇರಿ ಬಿಸಾಕಿದ ತಗಡು, ಹಲಗೆ, ಕಾರಿನ ಕವಚಗಳಲ್ಲೇ ಕೇರಿ ಕಟ್ಟಿದರು. ನೆಲದ ಮೇಲೆ ನೆರಳನ್ನು ಬಣ್ಣದಲ್ಲಿ ಬಳಿದರು. ಚಿತ್ರೀಕರಣ 28 ದಿನಗಳಲ್ಲಿ ಮುಗಿಯಿತು.

ಆ ಚಿತ್ರದಲ್ಲೊಬ್ಬ ಭಿಕ್ಷುಕ, ಅವನಿಗೊಬ್ಬ ಪುಟ್ಟ ಮಗ. ತಂಗಿರುವುದು ಹಾಳು ಕಾರಿನೊಳಗೆ. ಅಪ್ಪ ದಿನವೆಲ್ಲ ತಾವು ಮುಂದೆ ಕಟ್ಟಿಸುವ ಮನೆಯ ವರ್ಣನೆ ಮಾಡುತ್ತಾನೆ: ಹೆಬ್ಬಾಗಿಲು ಹೀಗಿರಬೇಕು, ಬೇಲಿ ಹಾಗಿರಬೇಕು. ಅವನು ಹೇಳಿದಂತೆ ಆ ಬಾಗಿಲು, ಆ ಮನೆ ಪರದೆಯ ಮೇಲೆ ಕಾಣುತ್ತ ಹೋಗುತ್ತವೆ. ಮಗ ಹಳಸಿದ್ದು ತಿಂದು ಸಾಯುತ್ತಾನೆ. ಮನೆ ಕಟ್ಟುವ ಕಲ್ಪನೆಯ ಸುಖವನ್ನೂ ಅದರ ಕ್ರೌರ್ಯವನ್ನೂ ಒಟ್ಟಿಗೆ ಹೇಳಿದ ಈ ಭಾಗ, ಬದುಕೆಲ್ಲ ಇಲ್ಲದ ಮನೆಗಳನ್ನು ಕಟ್ಟಿದ ದಂಪತಿಯ ವಿನ್ಯಾಸದಲ್ಲಿ ಬಂದದ್ದು ವಿಚಿತ್ರ ಯೋಗಾಯೋಗ.

ಬಂಗಾರದ ಹುಲ್ಲು

ಮುಂದಿನ ದಶಕದಲ್ಲಿ ಕುರೊಸಾವಾ ಬಂಡವಾಳಕ್ಕಾಗಿ ಅಲೆದರು. ತೆಗೆಯಲಾಗದ ಚಿತ್ರಗಳನ್ನು ಕಾಗದದ ಮೇಲೆ ಬಣ್ಣದಲ್ಲಿ ಬರೆಯತೊಡಗಿದರು. ಅಮೆರಿಕನ್ ನಿರ್ದೇಶಕರಾದ ಫ್ರಾನ್ಸಿಸ್ ಕೊಪೊಲಾ ಮತ್ತು ಜಾರ್ಜ್ ಲೂಕಾಸ್ ನೆರವಿಗೆ ಬಂದ ಮೇಲೆ ‘ಕಾಗೆಮುಶಾ’ (1980) ಸಾಧ್ಯವಾಯಿತು. ನಿರ್ದೇಶಕರೇ ಬಣ್ಣದ ಚಿತ್ರ ಬರೆದುಕೊಟ್ಟ ಮೇಲೆ ಕಲಾ ನಿರ್ದೇಶಕರಿಗೇನು ಕೆಲಸ ಎನ್ನಿಸಬಹುದು. ಆದರೆ ಕಾಗದದ ಚಿತ್ರದಲ್ಲಿ ಕೋಟೆಗೆ ತೂಕವಿಲ್ಲ, ಖರ್ಚಿಲ್ಲ, ಹಿಂಬದಿಯಿಲ್ಲ. ಅದನ್ನು ಮರಕ್ಕೆ, ಗಾರೆಗೆ, ಕುದುರೆ ಓಡುವ ನೆಲಕ್ಕೆ ಇಳಿಸಬೇಕು. ಹಿಮೆಜಿ, ಕುಮಾಮೊತೊದಂಥ ನಿಜ ಕೋಟೆಗಳು ಒದಗುವ ಕಡೆ ಅವನ್ನು ಬಳಸಿ, ಕಟ್ಟಿದ್ದಕ್ಕೂ ಇದ್ದದ್ದಕ್ಕೂ ನಡುವಿನ ಹೊಲಿಗೆ ಕಾಣದಂತೆ ಮಾಡಬೇಕು. ‘ಕಾಗೆಮುಶಾ’ಕ್ಕೆ ಮೂರನೇ ನಾಮನಿರ್ದೇಶನ. ‘ರಾನ್’ಗೆ ನಾಲ್ಕನೆಯದು, ಈ ಸಲ ಗಂಡ ಹೆಂಡತಿ ಇಬ್ಬರ ಹೆಸರಲ್ಲೂ. ಶಿನೊಬು ಆ ಹೊತ್ತಿಗೆ ಕೊನ್ ಇಚಿಕಾವಾ ಅವರ ‘ದ ಮಕಿಯೊಕಾ ಸಿಸ್ಟರ್ಸ್’ (1983) ಚಿತ್ರಕ್ಕೆ ಒಸಾಕಾ ಪ್ರದೇಶದ ಹಳೆಯ ವ್ಯಾಪಾರಿ ಮನೆತನದ ಲೋಕವನ್ನು ರೂಪಿಸಿ ತಮ್ಮದೇ ಹೆಸರು ಗಳಿಸಿದ್ದರು.

‘ರಾನ್’ ಚಿತ್ರೀಕರಣ ನಡೆಯುವಾಗ ಫ್ರಾನ್ಸಿನ ಕ್ರಿಸ್ ಮಾರ್ಕರ್ ‘ಎ.ಕೆ.’ ಎಂಬ ಸಾಕ್ಷ್ಯಚಿತ್ರ ತೆಗೆದರು. ಅದರಲ್ಲೊಂದು ಪ್ರಸಂಗ: ಚಿತ್ರತಂಡ ಬೆಟ್ಟದ ಹುಲ್ಲಿಗೆ ಬಂಗಾರದ ಬಣ್ಣ ಬಳಿಯುತ್ತಿದೆ. ಬೆಳದಿಂಗಳಲ್ಲಿ ಹೊಳೆಯುವ ಹುಲ್ಲುಗಾವಲು ಬೇಕಾಗಿತ್ತು. ಬಯಲಿನುದ್ದಕ್ಕೂ ಕೆಲಸ ಸಾಗಿತು, ದೃಶ್ಯ ಚಿತ್ರೀಕರಣವೂ ಆಯಿತು. ಸಂಕಲನದಲ್ಲಿ ಅದು ಬೇಡವೆನಿಸಿತು. ಇವತ್ತು ‘ರಾನ್’ನಲ್ಲಿ ಆ ಬಂಗಾರದ ಹುಲ್ಲು ಇಲ್ಲ. ಈ ವೃತ್ತಿಯಲ್ಲಿ ಕೆಲಸ ಸುಟ್ಟು ಹೋಗುವುದು ಒಂದು ಬಗೆ, ಸುಡದೆಯೂ ಇಲ್ಲವಾಗುವುದು ಇನ್ನೊಂದು.

ಪುಟ್ಟ ಗುಡಿಸಲಿನವರೆಗೆ

ಕೊನೆಕೊನೆಯ ಚಿತ್ರಗಳಲ್ಲಿ ಅಳತೆ ಚಿಕ್ಕದಾಯಿತು. ‘ಡ್ರೀಮ್ಸ್’ಗಾಗಿ (1990) ನಾಗಾನೊ ಪ್ರಾಂತದ ಅಜುಮಿನೊದಲ್ಲಿ, ವಸಾಬಿ ಬೆಳೆಯುವ ತೋಟವೊಂದರ ಹೊಳೆಗೆ ನೀರುಗಾಲಿಗಳನ್ನು ಕಟ್ಟಿದರು. ಅವು ಈಗಲೂ ತಿರುಗುತ್ತಿವೆ, ಪ್ರವಾಸಿಗರು ಫೋಟೊ ತೆಗೆದುಕೊಳ್ಳುತ್ತಾರೆ. ‘ಮಾದಾದಯೊ’ದಲ್ಲಿ ಬಾಂಬ್ ದಾಳಿಗೆ ಮನೆ ಕಳೆದುಕೊಂಡ ಮುದಿ ಪ್ರೊಫೆಸರ್ ಮತ್ತು ಹೆಂಡತಿ ಕಾಲು ಚಾಚಲೂ ಜಾಗವಿಲ್ಲದ ಗುಡಿಸಲಲ್ಲಿ ಬಾಳುತ್ತಾರೆ. ಮಾತಿಲ್ಲದ ಒಂದು ಸರಣಿಯಲ್ಲಿ ಮಳೆ, ಹಿಮ, ವಸಂತಗಳು ಆ ಗುಡಿಸಲ ಮುಂದೆ ಹಾದುಹೋಗುತ್ತವೆ. ‘ರಾನ್’ನ ಕೋಟೆಯಲ್ಲಿ ಹಿದೆತೊರಾಗೆ ಸಿಗದ ನೆಮ್ಮದಿ ಈ ದಂಪತಿಗೆ ಇಲ್ಲಿ ಸಿಗುತ್ತದೆ. ಅದನ್ನು ತೋರಿಸಲು ಎಷ್ಟು ಚಿಕ್ಕದಾಗಿ ಕಟ್ಟಬೇಕು ಎಂಬುದೂ ಕೋಟೆಯಷ್ಟೇ ಕಷ್ಟದ ಲೆಕ್ಕ.

1998ರಲ್ಲಿ ಕುರೊಸಾವಾ ತೀರಿಕೊಂಡರು. ಅವರು ಬರೆದಿಟ್ಟ ಚಿತ್ರಕಥೆಯನ್ನು ಬಹುಕಾಲದ ಸಹಾಯಕ ತಾಕಾಶಿ ಕೊಯಿಜುಮಿ ‘ಆಫ್ಟರ್ ದ ರೈನ್’ ಆಗಿ ತೆರೆಗೆ ತಂದಾಗ ಕಲಾ ನಿರ್ದೇಶನ ಮುರಾಕಿ ಅವರದೇ. ಹೊಳೆ ತುಂಬಿ ದಾಟಲಾಗದೆ ಬಡ ಪ್ರಯಾಣಿಕರು ತಂಗುವ ಛತ್ರವೇ ಅಲ್ಲಿಯ ಮುಖ್ಯ ಜಾಗ. ಮುರಾಕಿ 2009ರ ಅಕ್ಟೋಬರ್‌ನಲ್ಲಿ, 85ನೇ ವಯಸ್ಸಿನಲ್ಲಿ ನಿಧನರಾದರು.

ನಾಲ್ಕು ಸಲ ನಾಮನಿರ್ದೇಶನಗೊಂಡರೂ ಆಸ್ಕರ್ ಅವರಿಗೆ ಬರಲಿಲ್ಲ. ‘ರಾನ್’ಗೆ ಸಿಕ್ಕ ಒಂದೇ ಆಸ್ಕರ್ ಉಡುಪು ವಿನ್ಯಾಸಕ್ಕೆ ಎಮಿ ವಾದಾ ಅವರ ಪಾಲಾಯಿತು. ಕಲಾ ನಿರ್ದೇಶನದ್ದು ಆ ವರ್ಷ ‘ಔಟ್ ಆಫ್ ಆಫ್ರಿಕಾ’ಕ್ಕೆ ಹೋಯಿತು. ಇದರಲ್ಲಿ ಅನ್ಯಾಯ ಹುಡುಕಬೇಕಿಲ್ಲ. ಉಡುಪು ಎದ್ದು ಕಾಣುತ್ತದೆ, ಬಣ್ಣ ಕಣ್ಣಿಗೆ ಹೊಡೆಯುತ್ತದೆ. ಛಾವಣಿ ಎರಡು ಅಡಿ ತಗ್ಗಿದ್ದರಿಂದ ಎದೆ ಭಾರವಾಯಿತೆಂದು ಯಾವ ಪ್ರೇಕ್ಷಕನೂ ಹೇಳುವುದಿಲ್ಲ. ಅವನು ನಟನನ್ನು ಹೊಗಳುತ್ತಾನೆ, ನಿರ್ದೇಶಕನನ್ನು ಹೊಗಳುತ್ತಾನೆ. ಹೊಗಳಿಕೆ ಅವರಿಗೇ ಹೋಗುವಂತೆ ಕಟ್ಟುವುದು ಮುರಾಕಿ ಅವರ ಕಸುಬಾಗಿತ್ತು. ಮುಂದಿನ ಸಲ ‘ಯೊಜಿಂಬೊ’ ಅಥವಾ ‘ಹೈ ಅಂಡ್ ಲೋ’ ನೋಡುವಾಗ ಹತ್ತು ನಿಮಿಷ ನಟರನ್ನು ಬಿಟ್ಟು ಬಾಗಿಲು, ಕಿಟಕಿ, ನೆಲ, ಛಾವಣಿಗಳನ್ನಷ್ಟೇ ಗಮನಿಸಿ. ಕಥೆ ಆಗಲೂ ಪೂರ್ತಿ ಅರ್ಥವಾಗುತ್ತದೆ.